ನೂರು ಹುಣಸೆ ಬೀಜಗಳ ಮನೆ

ಪುಣೆಯ ಕ್ಯಾಂಪಿನ ಮಿಲಿಟರಿ ಲೆಕ್ಕದ ಕಚೇರಿಯಲ್ಲಿ ಮಲಕಪ್ಪನ ಪಾಲಿಗೆ ಬಂದದ್ದು ಹೇಸರಗತ್ತೆಗಳು. ಯಾವ ಪಲಟಣಿನ ಹೇಸರಗತ್ತೆ ಎಷ್ಟು ಹುಲ್ಲು ತಿಂದಿತು, ಎಷ್ಟು ಕಡಲೆ ತಿಂದಿತು, ತಿಂದದ್ದಕ್ಕೂ ಬಿಲ್ಲಿಗೂ ತಾಳೆ ಬೀಳುತ್ತದೆಯೋ ಇಲ್ಲವೋ ಎಂದು ನೋಡುವುದು ಅವನ ಕೆಲಸ. ಎರಡಾಣೆ ಹೆಚ್ಚು ಕಂಡರೂ ಸಾಕು, ಕೆಂಪು ಶಾಯಿಯಲ್ಲಿ ಆಕ್ಷೇಪಣೆ ಬರೆಯುವನು. ಆ ಆಕ್ಷೇಪಣೆ ನಾಲ್ಕು ಮೇಜು ದಾಟಿ ಯಾವನೋ ಮೇಜರ್ ಸಾಹೇಬನ ಚಹಾವನ್ನು ಕಹಿ ಮಾಡುತ್ತಿತ್ತು. ಸರಕಾರದ ಕತ್ತೆಗಳ ಹೊಟ್ಟೆಯ ಲೆಕ್ಕ ತನ್ನ ಕೈಯಲ್ಲಿದೆ, ತನ್ನ ಹೊಟ್ಟೆಯ ಲೆಕ್ಕ ಹೆಂಡತಿಯ ಕೈಯಲ್ಲಿದೆ, ಒಟ್ಟಿನಲ್ಲಿ ಕತ್ತೆಗಳದ್ದೇ ಸುಖ ಎಂದು ಅವನೇ ಹೇಳಿ ಅವನೇ ನಗುತ್ತಿದ್ದ. ಬೇರೆಯವರು ನಗುವುದಕ್ಕೆ ಮೊದಲೇ ತಾನು ನಕ್ಕುಬಿಟ್ಟರೆ ಅರ್ಧ ಅವಮಾನ ಉಳಿತಾಯವಾಗುತ್ತದೆ. ನಮ್ಮಂಥ ತಿಂಗಳ ಸಂಬಳದವರು ಮಾಡಬಲ್ಲ ಉಳಿತಾಯ ಅದೊಂದೇ.

ಗುಳೇದಗುಡ್ಡದಿಂದ ಬಂದು, ನೌಕರಿ ಕಾಯಂ ಆಗಿ, ಬಾಗಲಕೋಟೆಯ ರುದ್ರವ್ವನನ್ನು ಮದುವೆಯಾಗಿ ಕರೆತಂದಾಗ ಅವನಿಗೆ ಇಪ್ಪತ್ತೈದು ವರ್ಷ, ಸಂಬಳ ನಾಲ್ವತ್ತೈದು ರೂಪಾಯಿ. ಮಂಗಳವಾರ ಪೇಟೆಯ ವಾಡೆಯೊಂದರಲ್ಲಿ ಒಂದೇ ಖೋಲಿ, ಬಾಡಿಗೆ ಏಳು ರೂಪಾಯಿ. ವಾಡೆಯ ಒಡತಿ ಗಂಗೂಬಾಯಿ ಅವರ ತಲೆಯ ಮೇಲಿನ ಮಾಳಿಗೆಯಲ್ಲೇ ಇದ್ದಳು. ಬಾಡಿಗೆಯ ವಿಷಯದಲ್ಲಿ ಒಳ್ಳೆಯವಳೇ. ಆಕೆಗೂ ಇವರಿಗೂ ಬಿದ್ದ ಜಗಳ ರೊಟ್ಟಿಯದು.

ರುದ್ರವ್ವ ನಸುಕಿನಲ್ಲೇ ಎದ್ದು ಜೋಳದ ರೊಟ್ಟಿ ಬಡಿಯುವವಳು. ಕಟ್ಟಿಗೆಯ ಅಗಲ ಮರಿಗೆಯಾದ ಕೊಣಮಿಗೆಯಲ್ಲಿ ಹಿಟ್ಟಿನ ಮುದ್ದೆ ಇಟ್ಟು ಎರಡೂ ಅಂಗೈಯಿಂದ ಬಡಿಯುತ್ತ ತಿರುಗಿಸಿದರೆ ಊರಿನಲ್ಲಾದರೆ ಓಣಿಗೆಲ್ಲ ಬೆಳಗಾಯಿತೆಂದು ತಿಳಿಯಬೇಕು. ಪುಣೆಯಲ್ಲಿ ಗಂಗೂಬಾಯಿಗೆ ಮಾತ್ರ ತಿಳಿಯಿತು. ದಿನಾ ನಸುಕಿನಲ್ಲಿ ಇವರ ಮನೆಯಲ್ಲಿ ಯಾರ ಲಗ್ನ, ಡೋಲು ಯಾಕೆ ಬಾರಿಸುತ್ತಾರೆ ಎಂದು ಆಕೆ ಮೆಟ್ಟಿಲಲ್ಲಿ ನಿಂತು, ವಾಡೆಯ ಹದಿನಾಲ್ಕು ಬಿಡಾರಗಳಿಗೂ ಕೇಳುವಂತೆ ಮರಾಠಿಯಲ್ಲಿ ವಿಚಾರಿಸಿದಳು. ರುದ್ರವ್ವನಿಗೆ ಮರಾಠಿ ಅಷ್ಟಾಗಿ ಬರುತ್ತಿರಲಿಲ್ಲ. ನಗೆ ಯಾವ ಭಾಷೆಯದಾದರೂ ತಿಳಿಯುತ್ತದೆ. ಮರುದಿನದಿಂದ ಅವಳು ಗೋಣಿ ಚೀಲವೊಂದನ್ನು ನಾಲ್ಕು ಮಡಿಕೆ ಮಾಡಿ ಕೊಣಮಿಗೆಯ ಅಡಿಗೆ ಹಾಕಿಕೊಂಡಳು. ಸಪ್ಪಳ ಸತ್ತಿತು. ರೊಟ್ಟಿಯೂ ಅರ್ಧ ಸತ್ತಿತು. ಮೆತ್ತೆಯ ಮೇಲೆ ಕೊಣಮಿಗೆ ಅಲುಗಾಡಿ ರೊಟ್ಟಿ ಸರಿಯಾಗಿ ತಿರುಗುವುದಿಲ್ಲ, ಅಂಚು ಸೀಳುತ್ತದೆ. ಅಂಚು ಸೀಳಿದ ರೊಟ್ಟಿ ತಿನ್ನುತ್ತ ಎರಡು ವರ್ಷ ಕಳೆದ ಮಲಕಪ್ಪ ಒಂದು ದಿನ ತಟ್ಟೆ ಸರಿಸಿ ಹೇಳಿದ:

"ನೀ ಕೈ ಎತ್ತಿ ರೊಟ್ಟಿ ಬಡೀಲಿಕ್ಕರೇ ಒಂದು ಮನಿ ಮಾಡ್ತೀನಿ ನೋಡು."

ಗಂಡಸರು ಊಟದ ಹೊತ್ತಿನಲ್ಲಿ ಆಡುವ ಇಂಥ ಮಾತುಗಳು ಸಾಮಾನ್ಯವಾಗಿ ಕೈ ತೊಳೆಯುವಷ್ಟರಲ್ಲಿ ಹೋಗಿಬಿಡುತ್ತವೆ. ಈ ಮಾತು ಹೋಗಲಿಲ್ಲ. ಅದೇ ಅವನ ದುರ್ದೈವ.

೧೯೨೩ರ ಬೇಸಿಗೆಯಲ್ಲಿ ನಾನಾ ಪೇಟೆಯ ಸಂದಿಯೊಂದರಲ್ಲಿ ಮೂರು ಖೋಲಿಯ ಮನೆ ಮಾರಾಟಕ್ಕೆ ಬಂತು. ನಾಡಹಂಚಿನ ಮಾಡು, ಹಿಂದೆ ಎಮ್ಮೆ ಹೊರಳಿದರೆ ಗೋಡೆಗೆ ತಾಗುವಷ್ಟು ಹಿತ್ತಲು, ಸ್ವಂತದ ನಳ. ಬೆಲೆ ಸಾವಿರದ ಎಂಟುನೂರು. ಮಲಕಪ್ಪನ ಗಂಟಿನಲ್ಲಿ ಮುನ್ನೂರಿತ್ತು. ರುದ್ರವ್ವ ತನ್ನ ಕೈಯ ಪಾಟ್ಲಿ, ಕೊರಳ ಸರಿಗೆ ಬಿಚ್ಚಿಕೊಟ್ಟಳು. ಅದು ಇನ್ನೊಂದು ಮುನ್ನೂರಾಯಿತು. ಉಳಿದ ಸಾವಿರದ ಇನ್ನೂರಕ್ಕೆ ಅವನು ರವಿವಾರ ಪೇಟೆಯ ಅಪ್ಪಾಸಾಹೇಬರ ಅಂಗಡಿ ಮೆಟ್ಟಿಲು ಹತ್ತಿದ.

ಅಪ್ಪಾಸಾಹೇಬರು ಗುಳೇದಗುಡ್ಡದ ಕುಪ್ಪಸದ ಖಣ, ಇಳಕಲ್ಲ ಸೀರೆಯ ವ್ಯಾಪಾರಿ. ನಮ್ಮ ಕಡೆಯವರೇ. ಊರಿನವರು ಬಂದರೆ ಗಾದಿಯ ಮೇಲೆ ಕೂಡ್ರಿಸಿ, ಮಳೆ ಬೆಳೆ ವಿಚಾರಿಸಿ, ಚಹಾ ತರಿಸಿಯೇ ಮುಂದಿನ ಮಾತು. ಮನೆಯನ್ನೇ ಗಹಾಣ ಬರೆದುಕೊಡಬೇಕು, ಅಂದರೆ ಅವರಲ್ಲಿ ಒತ್ತೆ ಇಡಬೇಕು. ಬಡ್ಡಿ ನೂರಕ್ಕೆ ತಿಂಗಳಿಗೆ ಒಂದು ರೂಪಾಯಿ, ಎಂದರೆ ತಿಂಗಳಿಗೆ ಹನ್ನೆರಡು. ಅಸಲನ್ನು ಕೇಳಿದಾಗ ಕೊಡಬೇಕು, ಆದರೆ ಹನ್ನೆರಡು ಸರಿಯಾಗಿ ಬರುತ್ತಿರುವವರೆಗೆ ತಾವು ಕೇಳುವವರಲ್ಲ ಎಂದು ಅವರು ದೇವರ ಫೋಟೋದ ಕಡೆ ನೋಡಿ ಹೇಳಿದರು. ಪೇಟೆಯಲ್ಲಿ ಎರಡು ರೂಪಾಯಿ ಹಿಂಡುವವರಿದ್ದ ಕಾಲದಲ್ಲಿ ಇದು ಅನ್ಯಾಯದ ಕರಾರೇನಲ್ಲ.

ಮಲಕಪ್ಪನಿಗೆ ಮಾತ್ರ ತಾನು ಒಂದು ಹೆಜ್ಜೆ ಮುಂದಿದ್ದೇನೆ ಅನ್ನಿಸಿತ್ತು. ಮುಂಬಯಿ ಇಲಾಖೆಯ ನಮ್ಮ ಜನರಿಗೆಲ್ಲ ಗೊತ್ತಿದ್ದ ಒಂದು ಹಳೆಯ ಹಿಂದೂ ಕಟ್ಟಳೆ ಇದೆ. ಅದನ್ನು ದಾಮದುಪ್ಪಟ ಅನ್ನುತ್ತಾರೆ. ಬಡ್ಡಿ ಎಷ್ಟೇ ಬೆಳೆದರೂ ಅಸಲನ್ನು ಮೀರಕೂಡದು, ಎಲ್ಲ ಕೂಡಿ ದುಪ್ಪಟ್ಟಿಗೇ ನಿಲ್ಲಬೇಕು. ಮಲಕಪ್ಪ ಇದನ್ನು ಅಜ್ಜನ ತೊಡೆಯ ಮೇಲೆ ಕೂತು ಕೇಳಿದ್ದ. ಸಹಿ ಮಾಡುವ ಮುಂಚೆ, ತನಗೇನೂ ಅದರ ಗರಜಿಲ್ಲವೆಂಬಂತೆ ಕೇಳಿದ:

"ಅಪ್ಪಾಸಾಹೇಬ್ರ, ದಾಮದುಪ್ಪಟ ಅಂತೂ ಅದ ಅಲ್ರಿ?"

"ಯಾಕಿಲ್ರಿ? ಕೋರ್ಟಿನ್ಯಾಗೂ ಅದ. ನಾ ಬೇಡಿದ್ರೂ ಅದನ್ನ ದಾಟಿ ಸಿಗೂದಿಲ್ಲ."

ಇಬ್ಬರೂ ಹೇಳಿದ್ದು ನಿಜವೇ. ಮಲಕಪ್ಪ ಸಹಿ ಮಾಡಿದ.

ಅವನ ಲೆಕ್ಕ ಹೀಗಿತ್ತು. ತಿಂಗಳಿಗೆ ಹನ್ನೆರಡರಂತೆ ನೂರು ತಿಂಗಳು ಕೊಟ್ಟರೆ ಬಡ್ಡಿಯೇ ಸಾವಿರದ ಇನ್ನೂರು ಮುಟ್ಟಿತು. ಅಲ್ಲಿಗೆ ಬಡ್ಡಿ ಸತ್ತಿತು. ಆಮೇಲೆ ಅದೇ ಹನ್ನೆರಡನ್ನು ಅಸಲಿಗೆ ಕೊಡುತ್ತ ಹೋದರೆ ಇನ್ನೊಂದು ನೂರು ತಿಂಗಳಿಗೆ ಮನೆ ತನ್ನದು. ಸೇವೆಯಿಂದ ನಿವೃತ್ತನಾಗುವುದಕ್ಕಿಂತ ಎಷ್ಟೋ ಮೊದಲೇ. ಸಾಹುಕಾರನಿಗೂ ಇದು ಹೊಳೆದಿರಲಿಕ್ಕಿಲ್ಲ ಎಂದು ಅವನಿಗೆ ಒಳಗೊಳಗೇ ಅಯ್ಯೋ ಪಾಪ ಅನ್ನಿಸಿತು. ಕಚೇರಿಯಲ್ಲಿ ಚಹಾದ ಹೊತ್ತಿಗೆ ಯಾರಾದರೂ ಸಾಲದ ಮಾತು ತೆಗೆದರೆ ಈ ಕಟ್ಟಳೆಯನ್ನು ವಿವರಿಸಿ ಹೇಳುತ್ತಿದ್ದವನು ಅವನೇ. ಹೇಸರಗತ್ತೆಯ ಕಡಲೆಯಲ್ಲಿ ಎರಡಾಣೆ ಹಿಡಿಯುವವನ ಮಾತು; ಯಾರು ಅಲ್ಲಗಳೆದಾರು?

ಹೊಸ ಮನೆಯಲ್ಲಿ ಮೊದಲ ನಸುಕಿಗೆ ರುದ್ರವ್ವ ಕೊಣಮಿಗೆಯನ್ನು ಬರಿ ನೆಲದ ಮೇಲಿಟ್ಟು ರೊಟ್ಟಿ ಬಡಿದಳು. ಆ ಸಪ್ಪಳಕ್ಕೆ ಮಲಕಪ್ಪ ಎಚ್ಚರಗೊಂಡು, ಹಾಸಿಗೆಯಲ್ಲಿ ಕಣ್ಣು ಮುಚ್ಚಿಯೇ ಮಲಗಿ, ಒಂದೊಂದೇ ರೊಟ್ಟಿ ಹೆಂಚಿಗೆ ಬೀಳುವುದನ್ನು ಕೇಳಿದ. ಅವನ ಬದುಕಿನಲ್ಲಿ ಅವನು ಸಾಹೇಬನಾಗಿದ್ದದ್ದು ಆ ಬೆಳಿಗ್ಗೆ ಮಾತ್ರ.

ನೂರು ತಿಂಗಳು ಎಂದರೆ ಎಷ್ಟೆಂದು ರುದ್ರವ್ವನಿಗೆ ಕಣ್ಣಿಗೆ ಕಟ್ಟಲಿಲ್ಲ. ಅವಳು ನೂರು ಹುಣಸೆ ಬೀಜ ತೊಳೆದು, ಒಣಗಿಸಿ, ಹಿತ್ತಾಳೆಯ ತಂಬಿಗೆಯಲ್ಲಿ ಹಾಕಿ ದೇವರ ಗೂಡಿನ ಕೆಳಗಿಟ್ಟಳು. ಪಗಾರದ ದಿನ ಮಲಕಪ್ಪ ರವಿವಾರ ಪೇಟೆಗೆ ಹೋಗಿ, ಹನ್ನೆರಡು ಕೊಟ್ಟು, ಚಹಾ ಕುಡಿದು ಬಂದ ಮೇಲೆ ಒಂದು ಬೀಜ ತೆಗೆದು ಹಿತ್ತಲಿಗೆ ಎಸೆಯುವಳು. ತಂಬಿಗೆಯನ್ನು ಅಲುಗಾಡಿಸಿ ಸಪ್ಪಳ ಕೇಳುವುದೂ ಅವಳ ಅಭ್ಯಾಸವಾಯಿತು. ಮೊದಮೊದಲು ತುಂಬಿದ ಸಪ್ಪಳ. ವರ್ಷ ಹೋದಂತೆ ತೆಳುವಾಯಿತು.

ಹನ್ನೆರಡು ಹೋದ ಮೇಲೆ ಉಳಿದ ಮೂವತ್ತಮೂರರಲ್ಲಿ ಸಂಸಾರ. ಅದರಲ್ಲಿ ಮುನಸಿಪಾಲಿಟಿಯ ಮನೆಪಟ್ಟಿ, ನೀರಪಟ್ಟಿ, ಪ್ರತಿ ಮಳೆಗಾಲದ ಮುಂಚೆ ಹಂಚು ಕೈಯಾಡಿಸುವ ಕೂಲಿ. ಬಾಡಿಗೆ ಮನೆಯಲ್ಲಿದ್ದಾಗ ಇವೆಲ್ಲ ಗಂಗೂಬಾಯಿಯ ತಲೆನೋವು ಎಂಬುದು ಅವನಿಗೆ ಮನೆ ಕೊಂಡ ಮೇಲೆ ತಿಳಿಯಿತು. ಮನೆ ಎಂದರೆ ಬೆಲೆ ಒಂದು, ಅದರ ಹೊಟ್ಟೆ ಇನ್ನೊಂದು. ಹೇಸರಗತ್ತೆಯ ಹಾಗೆಯೇ ಅದೂ ದಿನಾ ತಿನ್ನುತ್ತದೆ, ಆದರೆ ಏನನ್ನೂ ಹೊರುವುದಿಲ್ಲ ಎಂದು ಕಚೇರಿಯಲ್ಲಿ ಹೇಳಿ ನಗಿಸಿದ.

ಮೂರನೆಯ ವರ್ಷ ಬಾಕಿ ಉಳಿದಿದ್ದ ಸಂಬಳದ ಬಡತಿಯೆಂದು ಇನ್ನೂರು ರೂಪಾಯಿ ಒಮ್ಮೆಲೇ ಕೈಗೆ ಬಂತು. ಅಪ್ಪಾಸಾಹೇಬರಿಗೆ ಅದು ಹೇಗೋ ತಿಳಿದು, ಅಸಲಿಗೆ ಏನಾದರೂ ಹಾಕುತ್ತೀರಾ, ಬಡ್ಡಿ ಅಷ್ಟು ಇಳಿಯುತ್ತದೆ ಎಂದು ತಾವಾಗಿಯೇ ಕೇಳಿದರು. ಮಲಕಪ್ಪ ಒಳಗೇ ನಕ್ಕ. ಬಡ್ಡಿ ತಾನಾಗಿಯೇ ಸಾಯಲಿದೆ. ಅದು ಸತ್ತ ಮೇಲೆ ಅಸಲನ್ನು ಆರಾಮವಾಗಿ ಕೊಡಬಹುದಾಗಿರುವಾಗ ಈಗಲೇ ಯಾಕೆ ಕೈ ಬರಿದು ಮಾಡಿಕೊಳ್ಳಬೇಕು? ಸದ್ಯ ಬೇಡ ಎಂದು ಬಂದು, ಆ ಇನ್ನೂರರಲ್ಲಿ ಸೋರುವ ನಾಡಹಂಚು ತೆಗೆಸಿ ಮಂಗಳೂರು ಹಂಚು ಹೊದಿಸಿದ. ಸಾಹುಕಾರನ ಉಪಾಯವನ್ನು ಹೇಗೆ ತಪ್ಪಿಸಿದೆ ನೋಡು ಎಂದು ರುದ್ರವ್ವನಿಗೆ ಹೇಳಿದ. ಅವಳು ಹೊಸ ಹಂಚಿನ ಕೆಳಗೆ ನಿಂತು ಮೇಲೆ ನೋಡುತ್ತ, ಒಳ್ಳೇದಾಯಿತು ಅಂದಳು.

ಮರುವರ್ಷ ಬೆಳಗಾವಿಗೆ ಬದಲಿ, ಮೇಲೆ ಹದಿನೈದು ರೂಪಾಯಿ ಬಡತಿ. ಬೆಳಗಾವಿಯಿಂದ ಬಾಗಲಕೋಟೆ ಹತ್ತಿರ. ಎರಡು ದಿನ ರುದ್ರವ್ವನ ನಡಿಗೆಯೇ ಬೇರೆಯಾಗಿತ್ತು. ಮನೆ ಬಿಟ್ಟು ಹೇಗೆ ಹೋಗುವುದು? ಬಾಡಿಗೆಗೆ ಕೊಟ್ಟರೆ ಒಂಬತ್ತು ಬರುತ್ತದೆ, ಹನ್ನೆರಡು ಕಟ್ಟಬೇಕು. ಅಲ್ಲಿ ಹೋಗಿ ಮತ್ತೆ ಬಾಡಿಗೆ ಕೊಡಬೇಕು. ಮಲಕಪ್ಪ ಬದಲಿ ಬೇಡವೆಂದು ಅರ್ಜಿ ಬರೆದ. ಆ ಜಾಗಕ್ಕೆ ಹೋದವನು ಮುಂದೆ ಅವನಿಗಿಂತ ಎರಡು ಮೇಜು ಮೇಲೆ ಕೂತ. ನಾಗರಪಂಚಮಿಗೆ ತವರಿಂದ ಅಣ್ಣ ಕರೆಯಲು ಬಂದರೆ, ಹೋಗಿಬರುವ ಖರ್ಚು ಎರಡು ಬೀಜದಷ್ಟಾಗುತ್ತದೆ, ಮುಂದಿನ ವರ್ಷ ನೋಡೋಣ ಎಂದು ರುದ್ರವ್ವನೇ ಹೇಳಿ ಕಳಿಸುತ್ತಿದ್ದಳು. ಹೀಗೆ ಐದು ಪಂಚಮಿ ಹೋದವು. ಆರನೆಯದಕ್ಕೆ ಮುಂಚೆ ಅವಳ ಅವ್ವ ತೀರಿಹೋದಳು. ತಂತಿ ಮುಟ್ಟುವಷ್ಟರಲ್ಲಿ ಮಣ್ಣಾಗಿತ್ತು. ಆ ತಿಂಗಳೂ ಹನ್ನೆರಡು ರೂಪಾಯಿ ಹೊತ್ತಿಗೆ ಸರಿಯಾಗಿ ರವಿವಾರ ಪೇಟೆ ಸೇರಿತು.

ಮಲಕಪ್ಪನ ನಂಬಿಕೆಗೆ ಸಾಕ್ಷಿಯೂ ಒಂದು ಸಿಕ್ಕಿತು. ಹಳೆಯ ವಾಡೆಯಲ್ಲಿ ನೆರೆಯವನಾಗಿದ್ದ ಶಿವಪ್ಪ ಗಣೇಶ ಪೇಟೆಯ ವಖಾರಿಯೊಂದರಲ್ಲಿ ಗುಮಾಸ್ತ. ಸಂಜೆಗೆ ಭಜನೆ, ಭಜನೆಯ ನಂತರ ಹೇಳಿಕೊಳ್ಳಬಾರದ ಇನ್ನೊಂದು ಚಟ. ಅವನೂ ಮಲಕಪ್ಪನಿಗಿಂತ ನಾಲ್ಕು ವರ್ಷ ಮೊದಲೇ, ಬೇರೊಂದು ಪೇಟೆಯಲ್ಲಿದ್ದ ತನ್ನ ಒಂದು ಖೋಲಿಯನ್ನು ಅಪ್ಪಾಸಾಹೇಬರಲ್ಲೇ ಮುನ್ನೂರಕ್ಕೆ ಗಹಾಣ ಇಟ್ಟಿದ್ದ. ಮೊದಲ ವರ್ಷ ಬಡ್ಡಿ ಕೊಟ್ಟವನು ಆಮೇಲೆ ಒಂದು ಪೈ ಕೊಡಲಿಲ್ಲ. ಕೊನೆಗೆ ಅಪ್ಪಾಸಾಹೇಬರು ಕೋರ್ಟಿಗೆ ಹೋದಾಗ ಬಾಕಿ ಬಡ್ಡಿ ಮುನ್ನೂರನ್ನು ದಾಟಿತ್ತು. ಕೋರ್ಟು ಅದನ್ನು ಮುನ್ನೂರಕ್ಕೆ ಕತ್ತರಿಸಿ, ಒಟ್ಟು ಆರುನೂರು, ಅದೂ ತಿಂಗಳಿಗೆ ಐದರಂತೆ ಕಂತು ಕಟ್ಟಿಕೊಟ್ಟಿತು. ಶಿವಪ್ಪ ಪೇಢೆ ಹಿಡಿದು ಬಂದು ಈ ಸುದ್ದಿ ಹೇಳಿದಾಗ ಮಲಕಪ್ಪನಿಗೆ ಅವನಿಗಿಂತ ಹೆಚ್ಚು ಸಂತೋಷ.

"ಕೇಳಿದೇನ? ದಾಮದುಪ್ಪಟ ಅಂದ್ರ ದಾಮದುಪ್ಪಟ" ಎಂದು ರುದ್ರವ್ವನ ಕಡೆ ತಿರುಗಿದ. "ಬಡ್ಡೀನ ಕೊಡದವಗ ಹಿಂಗ ಕಾಯ್ದದ. ತಪ್ಪದ ಕೊಟ್ಟವಗ ಎಷ್ಟು ಕಾಯಬೇಕು!"

ಶಿವಪ್ಪ ಪೇಢೆ ಬಾಯಿಗೆ ಹಾಕಿಕೊಂಡು, ಹೌದು ಹೌದು ಅಂದ. ಕಟ್ಟಳೆಯ ಇನ್ನೊಂದು ಮುಖ ಅವನಿಗೂ ಗೊತ್ತಿರಲಿಲ್ಲ.

ನೂರನೆಯ ಬೀಜ ೧೯೩೧ರ ದೀಪಾವಳಿಯ ಹೊಸ್ತಿಲಲ್ಲಿ ಹಿತ್ತಲಿಗೆ ಬಿತ್ತು. ಸತ್ತವರಿಗೆ ದಿನ ಮಾಡುವಂತೆ ಬಡ್ಡಿಗೂ ದಿನ ಮಾಡಬೇಕೆಂದು ಮಲಕಪ್ಪ ಹಟ ಹಿಡಿದ. ಕಡಲೆಬೇಳೆ ತಂದರು, ಹೋಳಿಗೆಯಾಯಿತು. ಶಿವಪ್ಪನನ್ನು ಕರೆದರು. ಮಲಕಪ್ಪ ಹೆಗಲ ಮೇಲೆ ಹಸಿ ಟವೆಲು ಹಾಕಿಕೊಂಡು, ಮಣೆಯ ಮೇಲೆ ಕೂತು, ಎಂಟು ವರ್ಷ ಮನೆಯಲ್ಲಿದ್ದು ಮೊನ್ನೆ ತೀರಿಕೊಂಡ ಬಡ್ಡಿಯ ಗುಣಗಾನ ಮಾಡಿದ: ಒಂದು ದಿನವೂ ಬೇನೆ ಬೀಳಲಿಲ್ಲ, ಒಂದು ಹೊತ್ತೂ ಉಪವಾಸ ಇರಲಿಲ್ಲ, ನಮ್ಮೆಲ್ಲರಿಗಿಂತ ಚೆನ್ನಾಗಿ ಉಂಡಿತು. ರುದ್ರವ್ವ ಸೆರಗು ಬಾಯಿಗೆ ಒತ್ತಿಕೊಂಡು ನಕ್ಕಳು. ಅವಳು ಅಷ್ಟು ನಕ್ಕದ್ದು ಅವ್ವ ಹೋದ ಮೇಲೆ ಅದೇ ಮೊದಲು. ಮರುದಿನ ಎರಡನೆಯ ನೂರು ಬೀಜ ತೊಳೆದು ಬಿಸಿಲಿಗಿಟ್ಟಳು. ಇವು ಅಸಲಿನವು.

ಅದರ ಮುಂದಿನ ಪಗಾರಕ್ಕೆ ಸರಕಾರ ಕತ್ತರಿ ಹಾಕಿತು. ಜಗತ್ತಿಗೆಲ್ಲ ಮಂದಿ, ಅಂದರೆ ವ್ಯಾಪಾರದ ಕುಸಿತ, ಬಂದಿದೆಯೆಂದು ನೌಕರರ ಸಂಬಳದಲ್ಲಿ ರೂಪಾಯಿಗೊಂದಾಣೆ ಚಿಲ್ಲರೆ ಕಡಿತ. ಆದರೂ ಮಲಕಪ್ಪ ಹಗುರವಾಗಿಯೇ ರವಿವಾರ ಪೇಟೆಗೆ ನಡೆದ. ಅಂಗಡಿಯಲ್ಲಿ ಗಿರಾಕಿಗಳಿರಲಿಲ್ಲ. ಅಪ್ಪಾಸಾಹೇಬರು ಒಬ್ಬರೇ ಗಾದಿಯ ಮೇಲೆ ಕೂತು ಖಣಗಳ ಧೂಳು ಕೊಡವುತ್ತಿದ್ದರು. ಚಹಾ ಬಂತು. ಮಲಕಪ್ಪ ಹನ್ನೆರಡು ರೂಪಾಯಿ ಎಣಿಸಿಟ್ಟು, ಇವತ್ತಿನ ಪಾವತಿಯನ್ನು ಅಸಲಿನ ಪೈಕಿ ಎಂದು ಬರೆಯಿರಿ ಅಂದ.

"ಅಸಲಿಗೆ ಕೊಡ್ಲಿಕ್ಕೆ ಸುರು ಮಾಡಿದ್ರೆನ್ರಿ? ಭಾಳ ಚಲೋ ಆತು" ಎಂದು ಅಪ್ಪಾಸಾಹೇಬರು ಕನ್ನಡಕ ಹಾಕಿಕೊಂಡರು. "ಮತ್ತ ಈ ತಿಂಗಳ ಬಡ್ಡಿ?"

"ಬಡ್ಡಿ ಮುಗೀತಲ್ರಿ. ಸಾವಿರದ ಇನ್ನೂರು ಮುಟ್ಟೇದ. ದಾಮದುಪ್ಪಟ."

ಅಪ್ಪಾಸಾಹೇಬರು ಕನ್ನಡಕ ತೆಗೆದರು. ಮಲಕಪ್ಪನ ಮುಖ ನೋಡಿದರು, ಚಹಾದ ಬಟ್ಟಲು ನೋಡಿದರು. ಕಳ್ಳನ ಮುಖವಾಗಿದ್ದರೆ ಮಲಕಪ್ಪನಿಗೆ ಎಷ್ಟೋ ಸಮಾಧಾನವಾಗುತ್ತಿತ್ತು. ಅದು ಮರುಕದ ಮುಖವಾಗಿತ್ತು.

"ಮಲಕಪ್ಪನವರ, ದಾಮದುಪ್ಪಟ ಬಾಕಿ ಉಳಿಸಿದವ್ರಿಗೆ ರೀ. ಕೊಡದ ಬಡ್ಡಿ ಬೆಳಕೊಂತ ಹೋಗಿ ಅಸಲು ಮೀರಬಾರ್ದು ಅಂತ ಆ ಕಟ್ಟಳಿ. ನಿಮ್ಮ ಬಡ್ಡಿ ಬೆಳದದ ಎಲ್ಲಿ? ಒಂದು ತಿಂಗಳರೇ ಬೆಳೀಲಿಕ್ಕೆ ಬಿಟ್ಟೀರೇನು ನೀವು?"

"ಹಂಗಾದ್ರ ನಾ ಕೊಟ್ಟ ಸಾವಿರದ ಇನ್ನೂರು?"

"ಅದು ಆಯಾ ತಿಂಗಳಿಂದು, ಆಯಾ ತಿಂಗಳಿಗೇ ಮುಗೀತು. ಮನಿಗೆ ಬಾಡಿಗಿ ಕೊಡ್ತಾರಲ್ರಿ, ಹಂಗ ಇದು ರೊಕ್ಕದ ಬಾಡಿಗಿ. ನಾ ಆವತ್ತ ಕೇಳಿದ್ನಲ್ಲ, ಅಸಲಿಗೆ ಇನ್ನೂರು ಹಾಕ್ತೀರೇನು ಅಂತ. ನೀವ ಒಲ್ಲೆ ಅಂದ್ರಿ."

ಮಲಕಪ್ಪ ಚಹಾದ ಬಟ್ಟಲನ್ನು ದೂರ ಸರಿಸಿದ. ಅಪ್ಪಾಸಾಹೇಬರು ಸಮಾಧಾನಕ್ಕೆಂದು ಒಂದು ಮಾತು ಸೇರಿಸಿದರು.

"ಖರೇ ಹೇಳ್ತೀನ್ರಿ, ಇಡೀ ಪುಣೇದಾಗ ನಿಮ್ಮಂಥಾ ನೇಮದ ಮನಷ್ಯಾ ನನಗ ಇನ್ನೊಬ್ಬ ಸಿಕ್ಕಿಲ್ಲ."

ಯಾರೂ ನಗುವ ಮೊದಲು ತಾನೇ ನಗುವುದು ಮಲಕಪ್ಪನ ಪದ್ಧತಿಯಷ್ಟೆ? ಅವನು ಬಾಯಿ ತೆರೆದ. ನಗು ಬರಲಿಲ್ಲ. ಹನ್ನೆರಡು ರೂಪಾಯಿ ಗಾದಿಯ ಮೇಲೆಯೇ ಬಿಟ್ಟು, ಬಡ್ಡಿ ಎಂದೇ ಬರೆದ ರಸೀತಿ ತೆಗೆದುಕೊಂಡು, ಹೋಗಿಬರುತ್ತೇನೆ ಎಂದು ಕೈಮುಗಿದು ಇಳಿದ. ಶುಕ್ರವಾರ ಪೇಟೆಯ ವಕೀಲನೊಬ್ಬನಲ್ಲಿಗೆ ಹೋದ. ಅಪ್ಪಾಸಾಹೇಬರು ಚಹಾ ಕೊಟ್ಟು ಹೇಳಿದ್ದನ್ನೇ ವಕೀಲ ಐದು ರೂಪಾಯಿ ತೆಗೆದುಕೊಂಡು ಹೇಳಿದ. ದಾರಿಯಲ್ಲಿ ಸಿಕ್ಕ ಶಿವಪ್ಪನಿಗೆ ಹೇಳದೆ ಇರಲಾಗಲಿಲ್ಲ. ಹೋಳಿಗೆ ತಿಂದು ಹೋಗಿದ್ದ ಶಿವಪ್ಪ ಮೀಸೆ ತೀಡಿದ.

"ನಾ ಕೊಡ್ಲಿಲ್ಲೋ ಮಲಕಪ್ಪಾ, ಅದಕ್ಕ ಕಟ್ಟಳಿ ನನ್ನ ಕಾಯ್ತು" ಅಂದ. "ನೀ ಕೊಟ್ಟಿ. ಕೊಟ್ಟವನ್ನ ಯಾರು ಕಾಯಬೇಕು?"

ನಗಲಿಕ್ಕೆಂದು ಆಡಿದ ಮಾತಲ್ಲ. ಶಿವಪ್ಪ ಚಟದವನಾದರೂ ಗೆಳೆಯ.

ಮನೆಗೆ ಬಂದಾಗ ರುದ್ರವ್ವ ತಂಬಿಗೆ ಮುಂದಿಟ್ಟುಕೊಂಡು ಕೂತಿದ್ದಳು. ಅಸಲಿನ ಮೊದಲ ಬೀಜವನ್ನು ಅವನ ಕೈಯಿಂದಲೇ ಎಸೆಯಿಸಬೇಕೆಂದು ಅವಳ ಆಸೆ. ಮಲಕಪ್ಪ ನಿಂತಲ್ಲೇ ಎಲ್ಲ ಹೇಳಿದ. ಕಟ್ಟಳೆಯ ಮಾತು ಅವಳಿಗೆ ಎಷ್ಟು ತಿಳಿಯಿತೋ. ಅವಳಿಗೆ ಬೇಕಾದದ್ದು ಒಂದೇ ಉತ್ತರ.

"ಹಂಗಾದ್ರ ಇನ್ನ ಎಷ್ಟು ಬೀಜ ಹಾಕ್ಲಿ ಹೇಳ್ರಿ."

ಅವನು ಲೆಕ್ಕದ ಗುಮಾಸ್ತ. ತಿಂಗಳಿಗೆ ಹನ್ನೆರಡು ಕೊಡುತ್ತ ಹೋದರೆ ಎಷ್ಟು ಬೀಜ? ನೂರೂ ಅಲ್ಲ, ಇನ್ನೂರೂ ಅಲ್ಲ, ಸಾವಿರವೂ ಅಲ್ಲ. ತನ್ನ ಆಯುಷ್ಯ ಮುಗಿದು ಇನ್ನೊಬ್ಬನ ಆಯುಷ್ಯ ಹಾಕಿದರೂ ಅಸಲು ಅಲ್ಲಾಡದೆ ಅಲ್ಲೇ ಕೂತಿರುತ್ತದೆ. ಆ ಉತ್ತರಕ್ಕೆ ಅಂಕಿ ಇಲ್ಲ. ರುದ್ರವ್ವ ತಂಬಿಗೆಯ ಬಾಯಿಗೆ ತಾಟು ಮುಚ್ಚಿ ಎದ್ದಳು.

ಆಮೇಲಿನ ಒಂದೂವರೆ ವರ್ಷ ಅವನು ಅಸಲಿಗೆಂದು ಹಣ ಕೂಡಿಸಲು ನೋಡಿದ. ಚಹಾ ಬಿಟ್ಟ, ಎಲೆಅಡಿಕೆ ಬಿಟ್ಟ, ಕ್ಯಾಂಪಿಗೆ ಹೋಗಿಬರುವ ಹಳೆಯ ಸೈಕಲ್ಲು ಮಾರಿ ನಡೆದ. ಸಂಜೆ ಒಬ್ಬ ಕಟ್ಟಿಗೆ ವ್ಯಾಪಾರಿಯ ಲೆಕ್ಕ ಬರೆದ. ಮಂದಿಯಲ್ಲಿ ಆ ವ್ಯಾಪಾರಿಯೇ ಬಾಗಿಲು ಹಾಕಿದ. ಕತ್ತರಿ ಬಿದ್ದ ಸಂಬಳದಲ್ಲಿ ಹನ್ನೆರಡು ಕೊಡುವುದೇ ಕಷ್ಟವಾಗಿ, ಕೂಡಿಸಿದ್ದು ಒಂದು ಮಳೆಗಾಲದಲ್ಲಿ ರುದ್ರವ್ವನ ವಿಷಮಜ್ವರಕ್ಕೆ ಹೋಯಿತು. ಒಂದೆರಡು ಸಲ ಅವನಿಗೂ ಅನ್ನಿಸಿತು, ಶಿವಪ್ಪನಂತೆ ಕೊಡುವುದನ್ನೇ ನಿಲ್ಲಿಸಿಬಿಟ್ಟರೆ? ಪಗಾರದ ದಿನ ಕಾಲು ತಾನಾಗಿಯೇ ರವಿವಾರ ಪೇಟೆಗೆ ತಿರುಗುತ್ತಿತ್ತು. ಎಂಟು ವರ್ಷ ಒಂದೇ ದಾರಿ ಹಿಡಿದ ಹೇಸರಗತ್ತೆ ಹಗ್ಗ ಬಿಚ್ಚಿದರೂ ಅದೇ ದಾರಿ ಹಿಡಿಯುತ್ತದೆ. ಈ ಮಾತನ್ನು ಅವನು ಕಚೇರಿಯಲ್ಲಿ ಹೇಳಲಿಲ್ಲ.

೧೯೩೩ರ ಬೇಸಿಗೆಯಲ್ಲಿ ಅಪ್ಪಾಸಾಹೇಬರೇ ಮನೆಗೆ ಬಂದರು. ಖಣದ ವ್ಯಾಪಾರ ಕುಸಿದಿತ್ತು, ಅವರ ತಲೆಯ ಮೇಲೂ ಮುಂಬಯಿಯ ಪೇಢಿಯ ಸಾಹುಕಾರರು ಕೂತಿದ್ದರು. ಅಸಲು ಬೇಕು ಅಂದರು. ಹೇಳುವಾಗ ದೇವರ ಗೂಡಿನ ಕಡೆ ನೋಡಲಿಲ್ಲ. ಸಾವಿರದ ಎಂಟುನೂರಕ್ಕೆ ಕೊಂಡ ಮನೆಗೆ ಆಗ ಸಾವಿರದ ನೂರು ಕೊಡುವವರೂ ಇರಲಿಲ್ಲ. ಕೋರ್ಟು, ಹರಾಜು ಎಂದು ಇಬ್ಬರೂ ಮರ್ಯಾದೆ ಕಳೆದುಕೊಳ್ಳುವುದಕ್ಕಿಂತ ಮನೆಯನ್ನೇ ಸಾಲಕ್ಕೆ ಬರೆದುಕೊಡಿ, ಕಡಿಮೆ ಬೀಳುವ ನೂರು ಬಿಟ್ಟೆ ಎಂದರು. ಅದೂ ಆ ಕಾಲಕ್ಕೆ ಅನ್ಯಾಯದ ಮಾತಲ್ಲ. ಎಲ್ಲಿಯೂ ಅನ್ಯಾಯ ಸಿಗದೇ ಹೋದದ್ದೇ ಮಲಕಪ್ಪನಿಗೆ ಎಲ್ಲಕ್ಕಿಂತ ಕಷ್ಟವಾಯಿತು; ಯಾರ ಮೇಲೆ ಕೆಂಪು ಶಾಯಿ ಹಾಕುವುದು?

ಖರೇದಿ ಪತ್ರಕ್ಕೆ ಸಹಿ ಮಾಡಿ ನೋಂದಣಿ ಕಚೇರಿಯ ಮೆಟ್ಟಿಲು ಇಳಿಯುವಾಗ ಅಪ್ಪಾಸಾಹೇಬರು, ನೀವು ಎಲ್ಲಿಗೂ ಹೋಗುವುದು ಬೇಡ, ಹಿಂದಿನ ಎರಡು ಖೋಲಿಯಲ್ಲಿ ಇದ್ದುಬಿಡಿ, ತಿಂಗಳಿಗೆ ಆರು ರೂಪಾಯಿ ಕೊಡಿ ಅಂದರು. ಮನೆಪಟ್ಟಿ, ಹಂಚಿನ ಖರ್ಚು ತಮ್ಮದು. ಮುಂದಿನ ಖೋಲಿಯನ್ನು ಶ್ರಾವಣದಿಂದ ಒಬ್ಬ ಶಾಲೆಯ ಮಾಸ್ತರರಿಗೆ ಮಾತಾಡಿದ್ದರು.

ಮಲಕಪ್ಪ ಆ ಸಂಜೆ ತಲೆಯಲ್ಲೇ ಕೂಡಿಸಿದ. ಗಂಟಿನ ಮುನ್ನೂರು, ಪಾಟ್ಲಿ ಸರಿಗೆಯ ಮುನ್ನೂರು, ಬಡ್ಡಿಯೆಂದು ಹೋದದ್ದು ಸಾವಿರದ ನಾನೂರಕ್ಕೆ ಮೇಲೆ, ಹಂಚಿನ ಇನ್ನೂರು, ಪಟ್ಟಿ, ಕೂಲಿ. ಬೆಳಗಾವಿಯ ಹದಿನೈದನ್ನು ಎಷ್ಟು ತಿಂಗಳಿಗೆ ಗುಣಿಸಬೇಕು? ಐದು ಪಂಚಮಿಯನ್ನು ಯಾವ ಕಾಲಮಿನಲ್ಲಿ ಬರೆಯಬೇಕು? ಇಷ್ಟಕ್ಕೆ ಎದುರಾಗಿ ಗಂಗೂಬಾಯಿಯ ಏಳು ರೂಪಾಯಿ. ಆ ವಾಡೆಯಲ್ಲೇ ಬಿದ್ದಿದ್ದರೆ ಹತ್ತು ವರ್ಷಕ್ಕೆ ಎಂಟುನೂರು ಚಿಲ್ಲರೆ ಹೋಗುತ್ತಿತ್ತು, ಪಾಟ್ಲಿ ಅವಳ ಕೈಯಲ್ಲಿರುತ್ತಿತ್ತು. ಮುಂದಕ್ಕೆ ಕೂಡಿಸಲಿಲ್ಲ. ಮೊತ್ತ ಬರೆಯುವ ಧೈರ್ಯ ಬರಲಿಲ್ಲ.

ಮೊದಲ ತಿಂಗಳ ಆರು ರೂಪಾಯಿ ಕೊಟ್ಟುಬಂದ ದಿನ ಉಳಿದ ಆರನ್ನು ರುದ್ರವ್ವನ ಮುಂದಿಟ್ಟ. ಹತ್ತು ವರ್ಷದಲ್ಲಿ ಮೊದಲ ಸಲ ಕೈಯಲ್ಲಿ ಮಿಕ್ಕ ಹಣ. ಅವಳು ಅದನ್ನು ನೋಡಿದಳು, ಮುಟ್ಟಲಿಲ್ಲ.

"ನಾವ ಮಾಲಕರಿದ್ದಾಗ ಇದು ನಮಗ ಯಾಕ ಉಳೀಲಿಲ್ರಿ?" ಅಂದಳು. ಚುಚ್ಚುವ ದನಿಯಲ್ಲ, ತಿಳಿಯದೆ ಕೇಳಿದ್ದು. ಅವನಿಗೆ ತಿಳಿದಿತ್ತು.

"ಪಂಚಮಿಗೆ ಬಾಗಲಕೋಟಿಗೆ ಹೋಗಿ ಬಾ" ಅಂದ.

"ಅವ್ವನ ಇಲ್ಲ. ಇನ್ನ ಯಾರ ಕಡೆ ಹೋಗ್ಲಿ?" ಅಂದಳು.

ಮಾಸ್ತರರು ಸಾಮಾನು ತಂದು ಮುಂದಿನ ಖೋಲಿಗೆ ಬಂದ ಮರುದಿನ ನಸುಕಿಗೆ ಮಲಕಪ್ಪನಿಗೆ ಎಂದಿನಂತೆ ಎಚ್ಚರವಾಯಿತು. ರೊಟ್ಟಿಯ ಸಪ್ಪಳಕ್ಕಾಗಿ ಕಣ್ಣು ಮುಚ್ಚಿ ಕಾದ. ಬೆಳಕು ಹರಿಯುತ್ತ ಬಂತು, ಒಲೆ ಹೊಗೆಯುವ ವಾಸನೆ ಬಂತು, ಸಪ್ಪಳ ಮಾತ್ರ ಬರಲಿಲ್ಲ. ಎದ್ದು ಅಡಿಗೆಯ ಬಾಗಿಲಿಗೆ ಬಂದ. ರುದ್ರವ್ವ ಬಡಿಯುತ್ತಲೇ ಇದ್ದಳು. ಕೊಣಮಿಗೆಯ ಅಡಿಗೆ ನಾಲ್ಕು ಮಡಿಕೆಯ ಗೋಣಿ ಚೀಲ ಹಾಸಿತ್ತು, ಹಳೆಯ ವಾಡೆಯದ್ದೇ. ಹತ್ತು ವರ್ಷ ಅದನ್ನು ಎಲ್ಲಿ ಇಟ್ಟಿದ್ದಳೋ ಅವನಿಗೆ ಗೊತ್ತಿರಲಿಲ್ಲ.

"ಮಾಸ್ತರು ಏನರೇ ಅಂದರೇನು?"

"ಯಾರೂ ಏನೂ ಅಂದಿಲ್ಲ" ಎಂದು ಅವಳು ಕೈ ನಿಲ್ಲಿಸದೆ ಹೇಳಿದಳು. "ಅನ್ನೂಕ್ಕಿಂತ ಮೊದಲ ಹಾಕ್ಕೊಂಡ್ರ ಚಲೋ ಅಲ್ರಿ."

ಮಲಕಪ್ಪ ಗೋಡೆಗೆ ಒರಗಿ ಕೂತ. ಅವಳು ರೊಟ್ಟಿಯನ್ನು ಎತ್ತಿ ಹೆಂಚಿಗೆ ಹಾಕಿದಳು. ಅಂಚು ಎರಡು ಕಡೆ ಸೀಳಿತ್ತು.